212ರ ಮೇಲೊಂದು ಆಕ್ಷೇಪಣೆ

ಕಿಟಕಿ ಮುಚ್ಚಲು ಇನ್ನು ಹತ್ತು ನಿಮಿಷ. ಗುಮಾಸ್ತ ಷಟರಿಗೆ ಕೈ ಹಾಕಿದ್ದ. ಅಷ್ಟರಲ್ಲಿ ಹೊರಗಿನಿಂದ ಒಂದು ಕೈ ಅಡ್ಡ ಬಂತು.

"ಸರ್, ಆಕ್ಷೇಪಣೆ ಕೊಡಬೇಕು. 212ರ ಮೇಲೆ. ಅವಳು ಆ ಸೀಟಲ್ಲಿ ಇರಬಾರದು."

ಗುಮಾಸ್ತ ಷಟರಿನಿಂದ ಕೈ ತೆಗೆದ. ಮಹಿಳಾ ಕಾನ್‌ಸ್ಟೇಬಲ್‌ಗಳ ಆಯ್ಕೆಪಟ್ಟಿ ಗೋಡೆಗೆ ಅಂಟಿಸಿ ಏಳು ದಿನವಾಗಿತ್ತು. ಅದರಲ್ಲಿ ಹೆಸರುಗಳಿಲ್ಲ, ಓಟದ ದಿನ ಎದೆಗೆ ಕಟ್ಟಿಕೊಂಡ ನಂಬರು ಮಾತ್ರ. ಏಳು ದಿನದಿಂದ ಅವನು ಕೇಳಿದ್ದು ಒಂದೇ ದೂರು: ಮೀಸಲಾತಿಯವರು ನಮ್ಮ ಸೀಟು ತಿಂದರು. ಅವನ ಬಾಮೈದನ ಮಗಳೂ ಎರಡು ಅಂಕಕ್ಕೆ ಸೀಟು ಕಳೆದುಕೊಂಡಿದ್ದಳು. ಹಾಗಾಗಿ ಇಂಥ ಕಾಗದ ತೆಗೆದುಕೊಳ್ಳುವಾಗ ಅವನ ಕೈ ತುಸು ಚುರುಕಾಗುತ್ತಿತ್ತು.

"ಬರೀರಮ್ಮ, ಬರೀರಿ. 212 ಮೀಸಲು ಪಟ್ಟಿಯವಳೇ. ಬೆವರು ಸುರಿಸೋದು ನೀವು, ಸೀಟು ಮಾತ್ರ ಅವರಿಗೆ."

"ಅವಳೂ ಓಡಿದಾಳೆ ಸರ್. ಎಂಟುನೂರು ಮೀಟರು, ಮೂರು ನಿಮಿಷ ಎರಡು ಸೆಕೆಂಡು."

ಎದುರಾಳಿಯ ಸೆಕೆಂಡನ್ನೂ ಬಾಯಿಪಾಠ ಮಾಡಿದ್ದಾಳಲ್ಲ! ಹೊಟ್ಟೆಕಿಚ್ಚಿಗೆ ಜ್ಞಾಪಕಶಕ್ತಿ ಜಾಸ್ತಿ ಎಂದುಕೊಂಡ ಗುಮಾಸ್ತ. ನಮೂನೆಯ ಹಾಳೆಯನ್ನು ಹೊರಗೆ ತಳ್ಳಿದ.

ಅವಳು ಕಿಟಕಿಯ ಕಟ್ಟೆಯ ಮೇಲೆ ಇಟ್ಟುಕೊಂಡು ಬರೆಯತೊಡಗಿದಳು. ಕಾಲಲ್ಲಿ ಸವೆದ ಹವಾಯಿ ಚಪ್ಪಲಿ. ಅವಳ ಹಿಂದೆ, ಅಂಗಳದ ಬೆಂಚಿನ ಮೇಲೆ ಒಬ್ಬ ಹುಡುಗಿ ತಲೆ ತಗ್ಗಿಸಿ ಕೂತಿದ್ದಳು. ಅವಳ ಕಾಲಲ್ಲಿ ಓಟದ ಶೂ. ಎಷ್ಟು ದೊಡ್ಡದೆಂದರೆ ಮುಂದೆ ಬಟ್ಟೆ ತುರುಕಿರಬೇಕು.

"ಜೊತೆಗೆ ಬಂದವಳಾ?"

"ತಂಗಿ."

ಬರೆಯುವುದನ್ನು ನಿಲ್ಲಿಸಿ ಅವಳು ತಲೆಯೆತ್ತಿದಳು. "212ರ ಅಂಕ ನೋಡಿ ಸರ್. ಎಂಬತ್ತೊಂದು. ಸಾಮಾನ್ಯ ಪಟ್ಟಿ ನಿಂತಿರೋದು ಎಪ್ಪತ್ತೊಂಬತ್ತಕ್ಕೆ. ಅವಳನ್ನ ಅಲ್ಲಿಗೆ ಸೇರಿಸಿ. ಆಗ ಮೀಸಲು ಸೀಟು ಖಾಲಿ ಆಗುತ್ತೆ. ಅದು ಅವಳ ನಂತರದವಳಿಗೆ ಬರಬೇಕು. 640ಕ್ಕೆ."

ಗುಮಾಸ್ತನಿಗೆ ಈಗ ಹೊಳೆಯಿತು. "ಓಹೋ! ಇದು ನಿಮ್ಮನಿಮ್ಮಲ್ಲೇ ಜಗಳ ಅನ್ನಿ. ಅವಳು ಮೇಲೆ ಹೋದ್ರೆ ನಿಮಗೆ ಜಾಗ. ಹಾವೂ ಸಾಯಬಾರದು, ಕೋಲೂ ಮುರೀಬಾರದು!"

ಅವಳು ಕಡತದ ಕಡೆ ಕೈ ತೋರಿಸಿದಳು.

ಅವನು ಕಡತ ತೆಗೆದ. ಮಾತು ಸಡಿಲವಾದರೂ ಕೆಲಸದಲ್ಲಿ ಸಡಿಲ ಮನುಷ್ಯನಲ್ಲ. ಬೆರಳು ಒಂದು ಸಾಲಿನಲ್ಲಿ ನಿಂತಿತು.

"ಆಗಲ್ಲಮ್ಮ. ಸಾಮಾನ್ಯ ಪಟ್ಟಿಗೆ ವಯಸ್ಸು ಇಪ್ಪತ್ತೈದು ದಾಟಿರಬಾರದು. ಇವಳಿಗೆ ದಾಟಿದೆ. ಎಷ್ಟು ದಿನ ಅಂದ್ರೆ..."

"ಹದಿನಾಲ್ಕು."

"ಹ್ಞಾಂ, ಹದಿನಾಲ್ಕು. ವಯಸ್ಸಿನ ರಿಯಾಯಿತಿ ತಗೊಂಡಿದಾಳೆ. ಒಂದು ದಿನದ ರಿಯಾಯಿತಿ ತಗೊಂಡ್ರೂ ಮೀಸಲು ಸೀಟಲ್ಲೇ ಲೆಕ್ಕ. ನೂರಕ್ಕೆ ನೂರು ಬಂದ್ರೂ ಅಷ್ಟೇ. ಎರಡು ವರ್ಷದ ಹಿಂದಿನ ನೇಮಕಾತಿಗೇ ಬರಬೇಕಿತ್ತು ಮಹಾತಾಯಿ. ಆಗೇನು ನಿದ್ದೆ ಮಾಡ್ತಿದ್ಲಾ?"

"ಒಬ್ಬರಿಗೆ ಕಾಯ್ತಿದ್ಲು ಸರ್. ಜೊತೇಲೇ ಹೋಗೋಣ ಅಂತ."

"ಪ್ರೀತಿ ಗೀತಿ ಇರಬೇಕು."

"ಪ್ರೀತಿನೇ."

ಅವಳು ಪೆನ್ನಿಗೆ ಮುಚ್ಚಳ ಹಾಕಿದಳು. "ಅವಳು ಕೆಲಸಕ್ಕೆ ಸೇರದೇ ಹೋದ್ರೆ?"

"ಬೇರೆಯವರ ಮನೆಗೆ ಬೆಂಕಿ ಬಿದ್ರೆ ಚಳಿ ಕಾಯಿಸೋ ಆಸೆ ಬೇಡಮ್ಮ. ಈ ಸಲ ಕಾಯುವ ಪಟ್ಟಿನೇ ಇಲ್ಲ. ಅವಳು ಬಿಟ್ರೆ ಸೀಟು ಮುಂದಿನ ನೇಮಕಾತಿಗೆ ಹೋಗುತ್ತೆ."

"ಅದು ಯಾವಾಗ?"

"ಇನ್ನು ಮುಂದೆ ಎಲ್ಲಾ ಗುತ್ತಿಗೆ. ಇದೇ ಕೊನೇದು ಅಂತಾರೆ."

"ಹಾಗಾದ್ರೆ ಅವಳು ಸೇರಿದ್ರೂ 640ಕ್ಕೆ ಇಲ್ಲ. ಬಿಟ್ರೂ ಇಲ್ಲ."

"ಇಲ್ಲ."

ಅಷ್ಟು ನೇರವಾಗಿ ಹೇಳಬಾರದಿತ್ತೇನೋ ಎನಿಸಿತು. ಸಮಾಧಾನಕ್ಕೆಂದು ಸೇರಿಸಿದ: "ನೀವು ಇಲ್ಲಿ ಒದ್ದಾಡ್ತಿದ್ದೀರಿ. ಆ 212 ಮನೇಲಿ ಸಿಹಿ ಹಂಚ್ತಿರ್ತಾಳೆ."

"ಇಲ್ಲ ಸರ್. ಏಳು ದಿನದಿಂದ ಅವಳಿಗೆ ಅನ್ನ ಇಳೀತಿಲ್ಲ."

"ನಿಮಗೆ ಹೇಗೆ ಗೊತ್ತು?"

ಅವಳು ಮತ್ತೆ ಪೆನ್ನು ತೆರೆದಳು. ಹಾಳೆಯ ಕೊನೆಯ ಸಾಲು ತುಂಬಿಸಿ, ಮಡಚಿ ಒಳಗಿಟ್ಟಳು. "ಆಗಲ್ಲ ಅಂತ ಗೊತ್ತಾಯ್ತು. ಆದ್ರೂ ತಗೊಳ್ಳಿ. ಕೊಟ್ಟಿದ್ದಕ್ಕೆ ಒಂದು ಚೀಟಿ ಕೊಡಿ. ಅವಳಿಗೆ ತೋರಿಸಬೇಕು."

ಯಾರಿಗೆಂದು ಗುಮಾಸ್ತ ಕೇಳಲಿಲ್ಲ. ಗಂಟೆ ಐದಾಗಿತ್ತು. ಚೀಟಿಗೆ ಮೊಹರು ಒತ್ತಿ ಕೊಟ್ಟ. ಅವಳು ಬೆಂಚಿನ ಬಳಿ ಹೋಗಿ ಕುಕ್ಕುರುಗಾಲಲ್ಲಿ ಕೂತು, ತಂಗಿಯ ಬಿಚ್ಚಿಹೋಗಿದ್ದ ಶೂ ದಾರ ಕಟ್ಟತೊಡಗಿದಳು. ತಂಗಿ ಚೀಟಿಯನ್ನು ನೋಡಲೂ ಇಲ್ಲ.

ಷಟರು ಎಳೆದು ಗುಮಾಸ್ತ ಕುರ್ಚಿಗೆ ಬಂದ. ಹಾಳೆಯ ಬೆನ್ನಿಗೆ ಷರಾ ಬರೆದ: 'ನಿಯಮದಂತೆ ಅವಕಾಶವಿಲ್ಲ.' ಆಮೇಲೆ ವಹಿಯಲ್ಲಿ ದಾಖಲಿಸಲು ಮಡಿಕೆ ಬಿಡಿಸಿದ.

ಆಕ್ಷೇಪಣೆ ಯಾರ ಮೇಲೆ: 212.

ಒಪ್ಪಿದರೆ ಸೀಟು ಯಾರಿಗೆ: 640.

ಅವರು ನಿಮಗೆ ಏನಾಗಬೇಕು: ತಂಗಿ.

ಆಕ್ಷೇಪಿಸುವವರ ನಂಬರು: 212.