ತೊಗಾಶಿಯ ಹೊಲಕ್ಕೆ ಬಿದ್ದ ಕಳ್ಳ

ಬೆಳಗಾಗುವಷ್ಟರಲ್ಲಿ ಕುಂಬಳಕಾಯಿಗಳೆಲ್ಲ ಮಾಯವಾಗಿದ್ದವು. ಬಳ್ಳಿಯೂ ಉಳಿದಿರಲಿಲ್ಲ. ಆ ಜಾಗದಲ್ಲಿ ಯಾರೋ ಸಾಲಾಗಿ ಮೂಲಂಗಿ ಬಿತ್ತಿ, ನೀರನ್ನೂ ಹಾಕಿ ಹೋಗಿದ್ದರು.

ತೊಗಾಶಿ ತನ್ನ ಕ್ಷೌರದಂಗಡಿಯ ಲ್ಯಾಪ್‌ಟಾಪಿನ ಮುಂದೆ ಕತ್ತರಿ ಹಿಡಿದೇ ನಿಂತಿದ್ದ. ಕುರ್ಚಿಯಲ್ಲಿ ಅರ್ಧ ತಲೆಗೂದಲು ಕತ್ತರಿಸಿಕೊಂಡ ಗಿರಾಕಿ ಕಾಯುತ್ತಿದ್ದ.

"ಮೂಲಂಗಿ," ಎಂದ ತೊಗಾಶಿ. "ನನ್ನ ಹೊಲದಲ್ಲಿ ಮೂಲಂಗಿ."

ಹೊಲವಿದ್ದದ್ದು ಕಂಪ್ಯೂಟರ್ ಆಟದೊಳಗೆ. ಜಪಾನಿನ ಹಕೊದಾತೆ ಊರಿನ ಬಂದರಿನ ಬೀದಿಯಲ್ಲಿ ಜನ್ಮವಿಡೀ ಬೇರೆಯವರ ತಲೆಯ ಮೇಲೆ ಬೆಳೆದದ್ದನ್ನು ಕತ್ತರಿಸಿಯೇ ಬದುಕಿದವನಿಗೆ, ತಾನೂ ಏನನ್ನಾದರೂ ಬೆಳೆಸುವ ಸುಖ ಸಿಕ್ಕಿದ್ದು ಮುಪ್ಪಿನಲ್ಲಿ. ಚಳಿಗಾಲದಲ್ಲಿ ಹಳೇ ಸಾಮಾನಿನ ಅಂಗಡಿಯಿಂದ ಒಂದು ಕಂಪ್ಯೂಟರ್ ತಂದಿದ್ದ. ಆಟ ಅದರಲ್ಲೇ ಇತ್ತು. ಒತ್ತಿದ ಕೂಡಲೇ ಹೊಲ, ಹೆಂಚಿನ ಮನೆ, ಕೊಟ್ಟಿಗೆ ತುಂಬ ಹಸು, ಬಾಗಿಲಲ್ಲಿ ನಗುತ್ತ ನಿಂತ ಹೆಂಡತಿ. ಆಟ ಮಾಡಿದವರು ಧಾರಾಳಿಗಳು ಎಂದುಕೊಂಡ.

ಮಹಡಿಯ ಮೇಲಿನ ಮನೆಯಲ್ಲಿ ಆಡಿದ್ದು ಸಾಲಲಿಲ್ಲ. ಕೆಳಗೆ ಅಂಗಡಿಯಲ್ಲೂ ಅದೇ ಹೊಲ ಬೇಕೆನಿಸಿತು. ಅದನ್ನು ಮಾಡಿಕೊಟ್ಟವನು ಭಾಮೈದ ಮಸುಮಿ. ಇದ್ದ ಕೆಲಸ ಬಿಟ್ಟು ಅಕ್ಕನ ಮನೆ ಸೇರಿ, ಸೋಫಾದಲ್ಲಿ ಬೇರು ಬಿಟ್ಟಿದ್ದ ಮನುಷ್ಯ.

"ಇಷ್ಟೇ ಭಾವ," ಎಂದಿದ್ದ ಮಸುಮಿ. "ಮೇಲೆ ಆಡಿದ್ದು ಇಂಟರ್‌ನೆಟ್ಟಲ್ಲಿ ಹೋಗಿ ಕೂತ್ಕೊಳುತ್ತೆ, ಕೆಳಗೆ ತೆಗೆದ್ರೆ ಅಲ್ಲಿಂದ ಇಳಿದು ಬರುತ್ತೆ. ಖಾತೆ, ಪಾಸ್‌ವರ್ಡು ಎಲ್ಲ ಅದರಲ್ಲೇ ಇತ್ತು. ಇನ್ನು ನೀವು ಎಲ್ಲಿ ಕೂತ್ರೂ ಹೊಲ ನಿಮ್ಮ ಹಿಂದೇನೇ ಬರುತ್ತೆ."

ಹೊಲ ಬಂತು. ಹಿಮ ಕರಗುವ ಹೊತ್ತಿಗೆ ಕಳ್ಳನೂ ಬಂದ.

ಮೊದಲು ಬೇಲಿ ಸರಿಯಿತು. ಆಮೇಲೆ ಕೋಳಿಗೂಡು ಬಾವಿಯ ಆಚೆಗೆ ಹೋಯಿತು. ಒಮ್ಮೊಮ್ಮೆ ಪರದೆಯ ಮೇಲೆ ಪ್ರಶ್ನೆ ಮೂಡುತ್ತಿತ್ತು: ಎರಡು ಪ್ರತಿಗಳು ತಾಳೆಯಾಗುತ್ತಿಲ್ಲ, ಯಾವುದನ್ನು ಉಳಿಸಲಿ? ತೊಗಾಶಿ ಪ್ರತಿ ಸಲವೂ ತನ್ನದನ್ನೇ ಉಳಿಸಿ, ಇನ್ನೊಂದನ್ನು ಅಳಿಸಿ, ಒಂದು ಲೋಟ ಚಹಾ ಕುಡಿಯುತ್ತಿದ್ದ. ಕೊನೆಗೆ, ಮೂಲಂಗಿ ಕಂಡ ದಿನ, ಹೊಲದ ಅಂಚಿನಲ್ಲಿ ಹಲಗೆ ನೆಟ್ಟು ಬರೆದ: "ಕಳ್ಳನನ್ಮಗನೇ, ನಿನ್ನ ಕೈ ಸೇದಿಹೋಗಲಿ."

ಮರುದಿನ ಅದರ ಕೆಳಗೆ ಉತ್ತರವಿತ್ತು: "ನಾಚಿಕೆಗೆಟ್ಟವನೇ, ಮೊದಲು ನನ್ನ ಮನೆಯಿಂದ ಎದ್ದು ಹೋಗು."

ನನ್ನ ಮನೆಯಂತೆ. ಅಕ್ಕನ ಮನೆಯನ್ನು ಇಷ್ಟು ಸಲೀಸಾಗಿ ತನ್ನದೆನ್ನುವವನು ಬೇರೆ ಯಾರಿದ್ದಾನು? ಆ ಸಂಜೆ ಊಟಕ್ಕೆ ಕೂತಾಗ ತೊಗಾಶಿ ಚಾಪ್‌ಸ್ಟಿಕ್ಕನ್ನು ಭಾಮೈದನ ಮೂಗಿಗೆ ಗುರಿ ಹಿಡಿದ.

"ಕುಂಬಳಕಾಯಿ ಎಲ್ಲಿಟ್ಟಿದೀಯ?"

"ಭಾವ, ನಂಗೆ ಅಡುಗೆಮನೆ ಮೂಲಂಗಿ ಹೆಚ್ಚೋಕೇ ಸೋಮಾರಿತನ. ಆಟದಲ್ಲಿ ಬಿತ್ತಿ ನೀರು ಬೇರೆ ಹಾಕ್ತೀನಾ?"

"ಆ ಖಾತೆ ಗೊತ್ತಿರೋದು ನಮ್ಮಿಬ್ಬರಿಗೇ."

ಹೆಂಡತಿ ಶಿಗೆಕೊ ಹುರಿದ ಮೀನಿನ ತಟ್ಟೆಯನ್ನು ಗಂಡನ ಮುಂದಿನಿಂದ ಎತ್ತಿ ತಮ್ಮನ ಮುಂದಿಟ್ಟಳು. "ರೀ, ಇಲ್ಲದ ಕುಂಬಳಕಾಯಿಗೋಸ್ಕರ ಇರೋ ತಮ್ಮನ್ನ ಕಳ್ಳ ಅಂತೀರಲ್ಲ."

"ಇಲ್ಲದ್ದಾ? ಅದಕ್ಕೆ ಗೊಬ್ಬರ ಹಾಕಿದವನು ನಾನು."

ಮಸುಮಿ ಮೀನು ಮುಗಿಸಿ, ಬಾಯಿ ಒರೆಸಿಕೊಂಡು, ಚೀಲ ಹೆಗಲಿಗೇರಿಸಿದ. ಹೋಗುವಾಗ ಅವನ ಕಣ್ಣು ಕೆಂಪಾಗಿತ್ತು. ಶಿಗೆಕೊ ಅಂದಿನಿಂದ ಗಂಡನೊಡನೆ ಮಾತು ಬಿಟ್ಟಳು. ಅನ್ನದ ಬಟ್ಟಲನ್ನು ಇಡುವ ಸದ್ದೇ ಎಲ್ಲ ಹೇಳುತ್ತಿತ್ತು.

ತೊಗಾಶಿ ಪಾಸ್‌ವರ್ಡ್ ಬದಲಾಯಿಸಿದ. 'ಬೇರೆಲ್ಲ ಕಂಪ್ಯೂಟರುಗಳಿಂದ ಹೊರಹಾಕು' ಎಂಬ ಗುಂಡಿ ಹುಡುಕಿ ಒತ್ತಿದ. ಮೂಲಂಗಿ ಕಿತ್ತು ಮತ್ತೆ ಕುಂಬಳ ಹಾಕಿದ. ಬೆಳಿಗ್ಗೆ ನೋಡಿದರೆ ಒಂದು ಎಲೆಯೂ ಅಲುಗಿರಲಿಲ್ಲ. ಭಾಮೈದ ಹೋದ, ಕಳ್ಳತನ ನಿಂತಿತು. ಇನ್ನೇನು ಸಾಕ್ಷಿ ಬೇಕು?

ಗೆದ್ದ ಗತ್ತಿನಲ್ಲೇ ಅಂಗಡಿ ತೆರೆದ. ಬೀದಿಯ ತಿರುವಿನ ಪೊಲೀಸ್ ಚೌಕಿಯ ಇಸೋಬೆ ಗಡ್ಡ ಬೋಳಿಸಿಕೊಳ್ಳಲು ಬಂದ. ಮುಖ ಇಳಿದುಹೋಗಿತ್ತು.

"ಏನ್ ಸಾರ್, ನಿದ್ದೆ ಇಲ್ವಾ?"

"ಒಂದು ಕಳ್ಳತನ, ತೊಗಾಶಿಯವರೇ. ತಲೆ ಕೆಟ್ಟುಹೋಗಿದೆ. ಮನೆಗೆ ನುಗ್ಗಿ ಕೂತವನು ಯಾರು ಅಂತಾನೇ ಗೊತ್ತಿಲ್ಲ."

"ಕಳ್ಳನ್ನ ಹೇಗೆ ಹಿಡಿಯೋದು ಅಂತ ನನ್ನ ಕೇಳಿ." ತೊಗಾಶಿ ನೊರೆ ಬಳಿದು, ಕತ್ತಿಯನ್ನು ಗಂಟಲಿನ ಮೇಲೆ ಹಗುರಾಗಿ ಎಳೆಯುತ್ತ ಕಥೆ ಶುರುಮಾಡಿದ. ಕುಂಬಳಕಾಯಿ, ಮೂಲಂಗಿ, ಹಲಗೆಯ ಬೈಗುಳ, ಕೊನೆಗೆ ಹೊಸ ಪಾಸ್‌ವರ್ಡು. ಇಸೋಬೆ ಉಗುಳನ್ನೂ ನುಂಗದೆ ಕೇಳಿದ.

"ಹೊರಗೆ ಹಾಕಿಬಿಟ್ರಾ?"

"ಕತ್ತು ಹಿಡಿದು ದಬ್ಬಿದ ಹಾಗೆ, ಸಾರ್. ಇನ್ನು ಜನ್ಮದಲ್ಲಿ ಒಳಗೆ ಬರೋ ಹಾಗಿಲ್ಲ."

"ಹಸುಗಳು ಚೆನ್ನಾಗಿವೆಯಾ?"

"ಚೆನ್ನಾಗಿವೆ. ಒಂದು ಕರು ಹಾಕಿದೆ."

"ಯಾವುದು? ಕಿವಿ ಕಪ್ಪಗಿರೋದಾ?"

"ಹೌದು ಸಾರ್, ಕಿವಿ ಕಪ್ಪಗಿರೋದೇ," ಎಂದ ಮೇಲೆ ತೊಗಾಶಿಯ ಕತ್ತಿ ನಿಂತಿತು. ಹಸುವಿನ ಸುದ್ದಿಯನ್ನು ಅವನು ಎತ್ತಿಯೇ ಇರಲಿಲ್ಲ.

ಇಸೋಬೆ ಎರಡು ಬೆರಳಿನಿಂದ ಕತ್ತಿಯನ್ನು ಗಂಟಲಿನಿಂದ ಮೆಲ್ಲಗೆ ಆಚೆ ಸರಿಸಿ, ಅರ್ಧ ಗಡ್ಡದಲ್ಲೇ ಎದ್ದು ಕೂತ.

"ನನ್ನ ಹಳೇ ಕಂಪ್ಯೂಟರನ್ನ ಚಳಿಗಾಲದಲ್ಲಿ ಹಳೇ ಸಾಮಾನಿನ ಅಂಗಡಿಗೆ ಮಾರಿದೆ, ಹೊಸದು ತಂದಿದ್ದು ಹಿಮ ಕರಗಿದ ಮೇಲೆ, ಮಾರೋ ಮುಂಚೆ ನನ್ನ ಖಾತೆಯಿಂದ ಹೊರಗೆ ಬರೋದೊಂದು ಮರೆತಿದ್ದೆ, ತೊಗಾಶಿಯವರೇ."