ಸಾಲಿನಲ್ಲಿ ನನ್ನ ಹಿಂದೆ

“ಸಾಕ್ಷಿ ಹೇಳೋಕೆ ಬರ್ತೀರೋ ಇಲ್ವೋ? ಒಂದೇ ಮಾತಲ್ಲಿ ಹೇಳಿ,” ಎಂದಳು ಹೆಂಡತಿ, ಹೊಲಿಗೆ ಯಂತ್ರದಿಂದ ಕಣ್ಣೆತ್ತದೆ.

ವಾರದಿಂದೀಚೆಗೆ ಅವಳು ಸೈಕಲ್ ಅಂಗಡಿ ಇಟ್ಟಿದ್ದ ಗಂಡನೊಂದಿಗೆ ಆಡಿದ ಮೊದಲ ಮಾತು ಇದು. ಊಟ ಬಡಿಸುತ್ತಿದ್ದಳು, ಇಲ್ಲವೆನ್ನುವಂತಿಲ್ಲ. ಆದರೆ ತಟ್ಟೆ ಕುಕ್ಕುತ್ತಿದ್ದಳು. ಇಷ್ಟಕ್ಕೂ ತಪ್ಪು ಅವನದೇ.

ನಾಮಪತ್ರದ ಕೊನೆಯ ದಿನ ಪಂಚಾಯಿತಿ ಕಚೇರಿಯಲ್ಲಿ ಗಂಡ ಹೆಂಡತಿ ಇಬ್ಬರೂ ಸಾಲಿನಲ್ಲಿದ್ದರು. ಅವನು ಮುಂದೆ, ಅವಳು ಹಿಂದೆ. ಅವರ ಬೆನ್ನಿಗೆ ಒಂದು ನರಪಿಳ್ಳೆಯೂ ಇರಲಿಲ್ಲ. ಕಿಟಕಿ ತಲುಪಿದವನು ತನ್ನ ಕೆಲಸ ಮುಗಿಸಿ ಸರಿದು ನಿಲ್ಲಬಾರದೇ? ಚುನಾವಣಾಧಿಕಾರಿಯ ಹಳೇ ಸೈಕಲ್ಲಿನ ಬ್ರೇಕಿನ ವಿಷಯ ಎತ್ತಿ ಹರಟೆಗೆ ನಿಂತುಬಿಟ್ಟ. ಅವಳು ಬೆನ್ನಿಗೆ ತಿವಿದಳು. ಕೇಳಿದರೆ ತಾನೇ! ಕೊನೆಗೂ ಅವಳು ಕಾಗದ ಚಾಚುವಷ್ಟರಲ್ಲಿ ಗಡಿಯಾರ ಬಡಿಯಿತು. ಹೊತ್ತು ಮೀರಿ ಬಂದಿದ್ದಾರೆ ಎಂದು ಬರೆದು ಅಧಿಕಾರಿ ಅವಳ ನಾಮಪತ್ರ ತಿರಸ್ಕರಿಸಿದ.

ಅವಳೇನು ಬಿಡುವ ಪೈಕಿಯೇ? ನೇರ ಕೋರ್ಟಿಗೆ ಹೋದಳು. ಅವಧಿಯೊಳಗೆ ಸಾಲಿನಲ್ಲಿ ನಿಂತವರ ನಾಮಪತ್ರ ತೆಗೆದುಕೊಳ್ಳಲೇಬೇಕು ಎಂದು ಅವಳ ವಕೀಲೆಯ ವಾದ. ಆದರೆ ನಿಂತಿದ್ದಳು ಎನ್ನಲು ಕಂಡವರು ಬೇಕಲ್ಲ. ಕಂಡವನು ಒಬ್ಬನೇ.

“ಬರ್ತೀನಿ ಮಾರಾಯ್ತಿ,” ಎಂದ ಅವನು.

ಅಂಗಡಿ ಮುಂದಿನ ಬೆಂಚಿನ ಗೆಳೆಯರು ಕೆಂಡಾಮಂಡಲವಾದರು. “ತಲೆಗಿಲೆ ಕೆಟ್ಟಿದೆಯಾ? ಕಾಲ ಮೇಲೆ ನೀನೇ ಕಲ್ಲು ಎತ್ತಿ ಹಾಕ್ಕೊಳ್ತೀಯಾ?” ಎಂದ ಕ್ಷೌರಿಕ. “ಜ್ವರ ಅಂತ ಹೇಳಿ ಮಲಗಿಬಿಡು. ಇವತ್ತು ಸಂಜೆವರೆಗೆ ಬಾಯಿ ಮುಚ್ಕೊಂಡಿದ್ರೆ ಸಾಕು.”

ಅವನಿಗೂ ಆಸೆಯಾಗದೆ ಇರಲಿಲ್ಲ, ಸುಳ್ಳೇಕೆ? ಆದರೆ ಬೀದಿ ನಲ್ಲಿಗೆ ನೀರು ತರಿಸಬೇಕೆಂದು ಅವಳು ವರ್ಷಗಟ್ಟಲೆ ಮನೆಮನೆ ಅಲೆದದ್ದನ್ನು ಅವನು ಕಂಡಿದ್ದ. ತನ್ನ ಒಂದು ಹರಟೆಗೆ ಅದೆಲ್ಲ ನೀರುಪಾಲಾಯಿತಲ್ಲ ಎಂದು ನಿಜಕ್ಕೂ ಸಂಕಟವಾಯಿತು. ಅಂಗಿ ಬದಲಿಸಿ ಬಸ್ಸು ಹತ್ತಿದ. ಬೆಂಚಿನವರೂ ಹಿಂದೆಯೇ ಹತ್ತಿದರು.

ಕಚೇರಿ ಪರ ವಕೀಲ ಕಡತ ಬಿಚ್ಚಿಯೂ ನೋಡಿದಂತಿರಲಿಲ್ಲ. “ಹೆಂಡತಿ ಪರ ಗಂಡ ಹೇಳದೆ ಇನ್ಯಾರು ಹೇಳ್ತಾರೆ ಸ್ವಾಮಿ? ಇದೂ ಒಂದು ಸಾಕ್ಷಿಯಾ?” ಎಂದು ನಗೆಯಾಡಿದ. ಕೋರ್ಟು ಗೊಳ್ಳೆಂದಿತು. ಹಿಂದಿನ ಸಾಲಿನಲ್ಲಿದ್ದ ಊರಿನವರು ಮಾತ್ರ ನಗಲಿಲ್ಲ.

ಅವಳ ವಕೀಲೆ ಎದ್ದು ಹೋಗಿ ನ್ಯಾಯಾಧೀಶರಿಗೆ ಮೆಲ್ಲಗೆ ಎರಡು ಮಾತು ಹೇಳಿದಳು. ನ್ಯಾಯಾಧೀಶರು ಕನ್ನಡಕ ಕೆಳಗಿಳಿಸಿ ಸಾಕ್ಷಿಯನ್ನು ದಿಟ್ಟಿಸಿದರು.

“ಈ ಮಾತಿಂದ ನಿಮಗೇನಾಗುತ್ತೆ ಅಂತ ಗೊತ್ತಿದ್ದೂ ಹೇಳ್ತಿದೀರಾ?”

“ಗೊತ್ತು ಸ್ವಾಮಿ. ನನ್ನ ಹಿಂದೇನೇ ನಿಂತಿದ್ಲು. ಬೆನ್ನಿಗೆ ತಿವೀತಾನೇ ಇದ್ಲು. ಇಲ್ಲ ಅಂದ್ಬಿಟ್ಟು ಆ ಮನೇಲಿ ಅನ್ನ ತಿನ್ನೋಕಾಗುತ್ತಾ?”

ನ್ಯಾಯಾಧೀಶರಿಗೂ ನಗು ತಡೆಯಲಾಗಲಿಲ್ಲ. ಮಧ್ಯಾಹ್ನದ ಹೊತ್ತಿಗೆ ಆದೇಶ ಬಂತು: ನಾಮಪತ್ರ ಸಿಂಧು.

ಹೊರಗೆ ಬೆಂಚಿನ ಗೆಳೆಯರು ಅವನ ಮುಖವನ್ನೂ ನೋಡದೆ ದುಡುದುಡು ಮೆಟ್ಟಿಲಿಳಿದು ಹೋದರು. ಹೆಂಡತಿ ಬಂದಳು. ಕಣ್ಣು ತೇವವಾಗಿತ್ತು. ಅವನ ಅಂಗಿಯ ಕಾಲರ್ ಸರಿಮಾಡಿದಳು.

“ಸುಮ್ನಿದ್ದಿದ್ರೆ ಇವತ್ತು ಸಂಜೆಗೆ ಅವಿರೋಧವಾಗಿ ಗೆದ್ದು ಮೆಂಬರ್ ಆಗ್ತಿದ್ರಲ್ರೀ,” ಎಂದಳು. “ಬೆಂಚಿನವರ ಮಾತಿಗೆ ಕುಣಿದು ಎಲೆಕ್ಷನ್ನಿಗೆ ನನ್ನೆದುರೇ ನಿಂತಿದೀರಲ್ಲ, ಇನ್ನು ಡಿಪಾಜಿಟ್ಟಾದ್ರೂ ಉಳಿಸ್ಕೊಳ್ಳಿ ನೋಡೋಣ!”