ತೋಟದ ಮಣ್ಣು ಆಡಿದ ಮಾತು

ಕೋರ್ಟಿನ ಅಮೀನರು ತೋಟದ ಮಣ್ಣಿಗೆ ಒಂದು ಚೊಂಬು ನೀರು ಹುಯ್ದು, ಎಲ್ಲರೂ ಸುಮ್ಮನಿರಬೇಕೆಂದರು. ನೆನೆದ ಮಣ್ಣು ತಾನು ಕೇಳಿಸಿಕೊಂಡಿದ್ದ ಮಾತನ್ನೆಲ್ಲ ತಿರುಗಿ ಆಡುತ್ತದೆ. ಜಮೀನು ಇಷ್ಟು ವರ್ಷ ಯಾರ ಸ್ವಾಧೀನದಲ್ಲಿತ್ತೆಂದು ತೀರ್ಮಾನವಾಗುವುದು ಹೀಗೆಯೇ.

ಗಂಡ ತೀರಿಕೊಂಡಾಗಿನಿಂದ ಈ ಹಿಪ್ಪುನೇರಳೆ ತೋಟವನ್ನು ಪಿಳ್ಳಮ್ಮನೊಬ್ಬಳೇ ಸಾಕಿದ್ದಳು. ಆದರೆ ಕೆಲಸ ಮಾಡುವಾಗ ಬಾಯಿಬಿಟ್ಟವಳಲ್ಲ. ತೋಟ ತನ್ನದೆಂದು ದಾವೆ ಹಾಕಿದ್ದ ಭಾವ ದೊಡ್ಡಮುನಿಯಪ್ಪನ ಗಂಟಲೋ, ಊರಿಗೇ ಗೊತ್ತು.

ಮಣ್ಣು ಮಾತಾಡತೊಡಗಿತು. ಬಂದದ್ದೆಲ್ಲ ಭಾವನ ದನಿಯೇ.

"ನೋಡಿದ್ರಾ ಸಾರ್? ಎಲ್ಲಾ ನಾನೇ!" ಎಂದು ಅವನು ಮೀಸೆ ತಿರುವಿದ.

"ಇರಪ್ಪ, ಏನಂತೈತೆ ಕೇಳಾಣ," ಎಂದರು ಅಮೀನರು.

"ಏ ಪಿಳ್ಳಿ, ನಿನ್ ತ್ವಾಟದ ನೀರು ನನ್ ಹೊಲಕ್ಕೆ ನುಗ್ತೈತೆ, ಕಟ್ಟೇ!" ಎಂದಿತು ಮಣ್ಣು. ಮುಂದಿನ ವರ್ಷದ್ದೂ ಅದೇ ದನಿ: "ಏ ಮೂಗಿ, ನಿನ್ ಸೊಪ್ಪಲ್ಲಿ ಎರಡು ಹೊರೆ ಕೊಡೇ, ನನ್ ಹುಳ ಹಸ್ಕೊಂಡವೆ!" ಹೀಗೇ ವರ್ಷ ವರ್ಷವೂ ಅದು ಕೂಗುತ್ತಲೇ ಹೋಯಿತು.

ಅಮೀನರು ನಗು ತಡೆದುಕೊಂಡು ಬರೆದುಕೊಂಡರು. ದೊಡ್ಡಮುನಿಯಪ್ಪನ ಕೈ ಮೀಸೆಯಿಂದ ಇಳಿಯಿತು.

ಪಿಳ್ಳಮ್ಮ ಸೆರಗು ಬಿಗಿದುಕೊಂಡು, ಮಣ್ಣಿಗೂ ಕೇಳಿಸುವಷ್ಟು ಜೋರಾಗಿ ಅಂದಳು: "ಭಾವಾ, ನನ್ ಗಿಡ ತುಳೀತಿದ್ದೀರ. ಅತ್ಲಾಗೆ ಸರ್ಕೊಳ್ಳಿ."